ಐದನೆಯ ಡಬ್ಬಿ

ಚೆನ್ನೈಯ ಈ ಕೊನೆಯ ಪೋರೂರಿನಿಂದ ಪುರಸೈವಾಕ್ಕಂಗೆ ಹೋಗಲು ನನಗೆ ಎರಡು ಬಸ್ಸು ಬೇಕು. ಜ್ವರ ಬಂದ ದಿನಗಳನ್ನು ಬಿಟ್ಟರೆ, ಹನ್ನೊಂದು ವರ್ಷ ಒಂದು ಆದಿತ್ಯವಾರವನ್ನೂ ತಪ್ಪಿಸದೆ ಹೋಗಿದ್ದೇನೆ. ಅಲ್ಲಿ ನನ್ನ ಗೆಳೆಯನ ಮನೆ. ಸಕ್ಕರೆ ಕಾಯಿಲೆಯಿಂದ ಅವನ ಎರಡೂ ಕಣ್ಣು ಹೋಗಿವೆ. ನಾನು ಅವನಿಗೆ ಪತ್ರಿಕೆ ಓದಿ ಹೇಳುತ್ತಿದ್ದೆ. ನೋಡಿದವರು ಮುದುಕ ಎಷ್ಟು ಉಪಕಾರಿ ಎಂದುಕೊಂಡಿರಬಹುದು. ನಿಜವಾಗಿ ಉಪಕಾರವಾಗುತ್ತಿದ್ದದ್ದು ನನಗೆ. ಹೆಂಡತಿ ತೀರಿಕೊಂಡ ಮೇಲೆ ನಮ್ಮ ಮನೆಯಲ್ಲಿ ಕನ್ನಡ ನಿಂತುಹೋಯಿತು. ಮಗಳು ಒಳ್ಳೆಯವಳು. ಅಳಿಯ ತಮಿಳಿನವನು, ಅವನೂ ಒಳ್ಳೆಯವನೇ. ನಾನು ಕನ್ನಡದಲ್ಲಿ ಕೇಳಿದ್ದಕ್ಕೆ ಮೊಮ್ಮಕ್ಕಳು ತಮಿಳಿನಲ್ಲಿ ಉತ್ತರ ಕೊಡುತ್ತಿದ್ದರು. ಕೊನೆಗೆ ನಾನೂ ತಮಿಳಿನಲ್ಲೇ ಕೇಳತೊಡಗಿದೆ. ಕುಂದಾಪುರದ ಕಡೆಯ ನನ್ನ ಮಾತು ವಾರಕ್ಕೊಮ್ಮೆ, ಗೆಳೆಯನ ಮನೆಯ ಬಾಲ್ಕನಿಯಲ್ಲಿ, ಎರಡು ಮೂರು ಗಂಟೆ ಹೊತ್ತು ಮಾತ್ರ ಬಾಯಿಗೆ ಬರುತ್ತಿತ್ತು.

ಆ ಗೆಳೆಯನಿಗೆ ನಾನೊಂದು ಅನ್ಯಾಯ ಮಾಡಿದ್ದೆ. ನಲವತ್ತು ವರ್ಷಕ್ಕೂ ಮೇಲೆ ಅದನ್ನು ಬಾಯಿಬಿಟ್ಟಿರಲಿಲ್ಲ. ಮೊದಮೊದಲು ಹೆದರಿಕೆಯಿಂದ ಸುಮ್ಮನಿದ್ದೆ. ಈಚಿನ ವರ್ಷಗಳಲ್ಲಿ, ಹೇಳಿದರೆ ಆ ಬಾಲ್ಕನಿಯ ಬಾಗಿಲು ನನಗೆ ಮುಚ್ಚುತ್ತದೆ ಎಂದು ಸುಮ್ಮನಿದ್ದೆ.

ನಾವಿಬ್ಬರೂ ಎಸ್ಸೆಸ್ಸೆಲ್ಸಿ ಮುಗಿಸಿ ಒಟ್ಟಿಗೇ ಮದರಾಸಿಗೆ ಬಂದು, ಊರಿನವರೊಬ್ಬರ ಹೋಟೆಲಿನಲ್ಲಿ ಕೆಲಸಕ್ಕೆ ನಿಂತವರು. ಅವನು ಸಂಜೆ ಕಾಲೇಜಿಗೆ ಹೋದ, ಬ್ಯಾಂಕು ಸೇರಿದ. ನನ್ನ ಓದು ಅಲ್ಲಿಗೇ ನಿಂತಿತು. ಹೋಟೆಲಿಗೆ ದಿನಾ ತಿಂಡಿಗೆ ಬರುತ್ತಿದ್ದ ಒಬ್ಬ ಆಪರೇಟರು, ಅಂದರೆ ಪ್ರೊಜೆಕ್ಟರ್ ಓಡಿಸುವವರು, ನನ್ನನ್ನು ಕೋಡಂಬಾಕ್ಕಂನ ಒಂದು ಪ್ರಿವ್ಯೂ ಥಿಯೇಟರಿಗೆ ಕರೆದುಕೊಂಡು ಹೋದರು. ನಿರ್ಮಾಪಕರು ತಮ್ಮ ಚಿತ್ರವನ್ನು ಬಿಡುಗಡೆಗೆ ಮೊದಲು ಹಾಕಿಸಿ ನೋಡುವ, ಅರವತ್ತು ಕುರ್ಚಿಯ ಸಣ್ಣ ಥಿಯೇಟರು ಅದು. ಆಗ ಕನ್ನಡ ಚಿತ್ರಗಳೂ ಅಲ್ಲಿಗೆ ಬರುತ್ತಿದ್ದವು. ಐದಾರು ವರ್ಷದಲ್ಲಿ ನಾನೇ ಅಲ್ಲಿಯ ಆಪರೇಟರಾದೆ. ಆದಿತ್ಯವಾರ ಸಂಜೆ ಆ ಥಿಯೇಟರನ್ನು ಒಂದು ಫಿಲ್ಮ್ ಸೊಸೈಟಿಗೆ ಬಾಡಿಗೆಗೆ ಕೊಡುತ್ತಿದ್ದರು. ಗೆಳೆಯ ಆ ಸೊಸೈಟಿಯ ಕಾರ್ಯದರ್ಶಿ.

ಅವನು ಯಾವ ಚಿತ್ರಕ್ಕೂ ಸುಲಭವಾಗಿ ಮರುಳಾಗುವವನಲ್ಲ. ಆದರೆ ಒಬ್ಬ ಜಪಾನಿ ನಿರ್ದೇಶಕ ಅವನನ್ನು ಪೂರ್ತಿ ಹಿಡಿದುಬಿಟ್ಟ. ಆ ನಿರ್ದೇಶಕ ಸ್ಟುಡಿಯೋದಲ್ಲಿ ಸಾಮಾನು ಹೊರುವವನಾಗಿ ಸೇರಿ, ಯುದ್ಧಕ್ಕೆ ಹೋಗಿ ಬಂದು, ನಲವತ್ತರ ಹತ್ತಿರ ಮೊದಲ ಚಿತ್ರ ಮಾಡಿದವನಂತೆ. ಅವನ ಚಿತ್ರಗಳಲ್ಲೂ ದೊರೆಗಳಿದ್ದರು, ಕೋಟೆಗಳಿದ್ದವು, ಕತ್ತಿಗಳಿದ್ದವು. ಆದರೆ ಕ್ಯಾಮರಾ ಯಾವಾಗಲೂ ಕೋಟೆಯ ಕಲ್ಲು ಹೊರುವವರ ಕಡೆ, ದೊರೆಯ ಕುದುರೆಗೆ ಹುಲ್ಲು ಕೊಯ್ಯುವವರ ಕಡೆ ನಿಂತಿರುತ್ತಿತ್ತು. ಇವತ್ತಿನ ಸರ್ಕಾರವನ್ನು ಬೈದರೆ ಸ್ಟುಡಿಯೋದವರು ಬಿಡುವುದಿಲ್ಲ ಎಂದು ಮುನ್ನೂರು ವರ್ಷ ಹಿಂದಕ್ಕೆ ಹೋಗಿ ಬೈಯುತ್ತಿದ್ದನಂತೆ. ಆಮೇಲೆ ಅದೂ ಸಾಲದೆ ಗಣಿ ಕೆಲಸದವರ ಮೇಲೆ, ಊರ ಹೊರಗೆ ಬದುಕಬೇಕಾದವರ ಮೇಲೆ ನೇರವಾಗಿಯೇ ಚಿತ್ರ ಮಾಡಿದ. ಅವು ಓಡಲಿಲ್ಲ. ಸ್ಟುಡಿಯೋ ಮುಚ್ಚಿತು. ಕೊನೆಗಾಲದಲ್ಲಿ ಟೀವಿಗೆ ಸಣ್ಣಪುಟ್ಟ ಕೆಲಸ ಮಾಡಿಕೊಂಡಿದ್ದ. ಇದೆಲ್ಲ ಗೆಳೆಯ ಹೇಳಿ ನನಗೆ ಗೊತ್ತು.

"ಕಾಣ್ ಮಾರಾಯ, ಹಳೇ ಬಟ್ಟೆ ಹಾಕ್ಸಿ ಇವತ್ತಿನ ಜಗಳ ಆಡ್ಸ್ತಾನೆ ಅಂವ," ಎನ್ನುತ್ತಿದ್ದ.

"ನಂಗೆ ಎಂತ ಕಾಣೂದು? ನಾನ್ ಕಾಂಬುದು ಪರದೆ ಮೂಲೆಯ ಚುಕ್ಕೆ ಮಾತ್ರ," ಎನ್ನುತ್ತಿದ್ದೆ ನಾನು.

ಅದು ತಮಾಷೆಯಲ್ಲ, ನಮ್ಮ ಕೆಲಸವೇ ಹಾಗೆ. ಒಂದು ರೀಲು ಮುಗಿಯುವ ಮೊದಲು ಪರದೆಯ ಬಲಮೂಲೆಯಲ್ಲಿ ಒಂದು ಚುಕ್ಕೆ ಮಿಂಚುತ್ತದೆ. ಆಗ ಎರಡನೆಯ ಯಂತ್ರ ಚಾಲೂ ಮಾಡಬೇಕು, ಇನ್ನೊಂದು ಚುಕ್ಕೆಗೆ ಬದಲಾಯಿಸಬೇಕು. ಕೆಳಗೆ ಕುಳಿತವರು ಕತೆ ನೋಡುತ್ತಾರೆ, ಮೇಲೆ ನಿಂತವನು ಚುಕ್ಕೆಗೆ ಕಾಯುತ್ತಾನೆ. ಸಾವಿರಾರು ಚಿತ್ರ ಓಡಿಸಿದ್ದೇನೆ, ಪೂರ್ತಿ ನೋಡಿದ್ದು ಕೈಬೆರಳಲ್ಲಿ ಎಣಿಸುವಷ್ಟು.

ಆರು ಆದಿತ್ಯವಾರ ಆ ನಿರ್ದೇಶಕನ ಆರು ಚಿತ್ರ. ಪ್ರಿಂಟುಗಳು, ಡಬ್ಬಿಗೊಂದು ರೀಲಿನಂತೆ, ದೆಹಲಿಯಿಂದ ರೈಲಿನಲ್ಲಿ ಬರುತ್ತಿದ್ದವು. ಕೊನೆಯ ವಾರ ರೈಲು ತಡವಾಗಿ, ಐದೂವರೆಗೆ ಶುರುವಾಗಬೇಕಿದ್ದದ್ದು ಆರೂಕಾಲಾಯಿತು. ಎಂಟು ಗಂಟೆಗೆ ಒಬ್ಬ ದೊಡ್ಡ ನಿರ್ಮಾಪಕರು ಹಾಡಿನ ರೀಲು ನೋಡಲು ಬರುವವರಿದ್ದರು. ಏಳೂವರೆಗೆ ಮ್ಯಾನೇಜರು ನನ್ನ ಕೋಣೆಗೆ ಹತ್ತಿ ಬಂದರು.

"ಎನ್ನಪ್ಪಾ, ಇನ್ನುಂ ಎವ್ವಳವು ಇರುಕ್ಕು? ಸೀಕ್ಕಿರಂ ಮುಡಿ," ಎಂದರು. ಇನ್ನೂ ಎಷ್ಟಿದೆ, ಬೇಗ ಮುಗಿಸು ಅಂತ.

"ಎರಡು ಡಬ್ಬಿ ಸಾರ್," ಎಂದೆ.

ಅವರು ಗಡಿಯಾರ ನೋಡಿ ಇಳಿದುಹೋದರು. ಒಂದು ಡಬ್ಬಿ ಬಿಡು ಎಂದು ಅವರು ಹೇಳಲಿಲ್ಲ. ಅದನ್ನು ಇಲ್ಲಿ ಬರೆಯಲೇಬೇಕು.

ನಮ್ಮ ಕಸುಬಿನಲ್ಲಿ ಒಂದು ರೂಢಿಯಿತ್ತು. ಆಟ ತಡವಾದರೆ ಹಾಡು ಹಾರಿಸುವುದು. ಊರೂರಿನ ಟಾಕೀಸುಗಳಲ್ಲಿ ಎರಡನೇ ವಾರದಿಂದ ಒಂದೆರಡು ಹಾಡು ಕಡಿಮೆಯಾಗುವುದು ಜನಕ್ಕೂ ಗೊತ್ತಿತ್ತು. ಹಾಡಿಲ್ಲದ ಚಿತ್ರದಲ್ಲಿ ಏನು ಹಾರಿಸುವುದು? ಐದನೆಯ ಡಬ್ಬಿಯ ರೀಲನ್ನು ಅರ್ಧದವರೆಗೆ ಸುತ್ತಿ ದೀಪಕ್ಕೆ ಹಿಡಿದು ನೋಡಿದೆ. ಒಬ್ಬ ಹೆಂಗಸು ಒಲೆಯ ಮುಂದೆ ಕುಳಿತಿದ್ದಾಳೆ. ಒಂದು ಮಾರು ಎಳೆದು ನೋಡಿದೆ, ಕುಳಿತೇ ಇದ್ದಾಳೆ. ಇನ್ನೊಂದು ಮಾರು ಎಳೆದೆ, ಈಗಲೂ ಕುಳಿತಿದ್ದಾಳೆ. ಇದರಲ್ಲಿ ಏನೂ ಆಗುವುದಿಲ್ಲ ಎಂದು ತೀರ್ಮಾನಿಸಿ, ನಾಲ್ಕನೆಯದು ಮುಗಿಯುವ ಚುಕ್ಕೆಗೆ ಆರನೆಯದನ್ನು ಹಾಕಿದೆ. ಹದಿನೆಂಟು ನಿಮಿಷ ಉಳಿಯಿತು.

ಚಿತ್ರದ ಕತೆ ಇಷ್ಟು. ಬರಗಾಲದ ವರ್ಷ ಹಳ್ಳಿಯವರು ದೊರೆಗೆ ಒಂದು ಅರ್ಜಿ ಬರೆಯುತ್ತಾರೆ. ಮೊದಲು ಸಹಿ ಹಾಕಿದವನು ಯಾರೆಂದು ತಿಳಿಯಬಾರದು ಎಂದು ಎಲ್ಲರೂ ಹೆಸರನ್ನು ವೃತ್ತಾಕಾರದಲ್ಲಿ ಬರೆಯುತ್ತಾರೆ. ಆದರೆ ಒಯ್ಯುವವನು ಒಬ್ಬ ಬೇಕಲ್ಲ? ನೇರವಾಗಿ ದೊರೆಗೆ ಅರ್ಜಿ ಕೊಟ್ಟವನಿಗೆ ಮರಣದಂಡನೆ. ಒಬ್ಬ ಬಡಗಿ ಹೊರಡುತ್ತಾನೆ. ಹೆಂಡತಿ ಬಾಗಿಲಲ್ಲಿ ನಿಂತು ನೋಡುತ್ತಾಳೆ, ಬಾಗಿಲು ಎಳೆದುಕೊಳ್ಳುತ್ತಾಳೆ. ನಾಲ್ಕನೆಯ ಡಬ್ಬಿ ಅಲ್ಲಿಗೆ ಮುಗಿಯುತ್ತದೆ. ನಾನು ಹಾಕಿದ ಆರನೆಯ ಡಬ್ಬಿಯಲ್ಲಿ ಧಡ್ ಎಂದು ಕೋಟೆಯ ನಗಾರಿ, ಬಡಗಿಯ ಕೈಗೆ ಹಗ್ಗ. ಕೊನೆಯಲ್ಲಿ ಹೊಳೆ ದಂಡೆಯ ಮೇಲೆ ತಲೆ ಬೋಳಿಸಿಕೊಂಡ ಒಬ್ಬ ಸನ್ಯಾಸಿನಿ. ಅವಳು ಆ ಹೆಂಡತಿ.

ದೀಪ ಹಾಕಿದಾಗ ಯಾರೂ ಎದ್ದಿರಲಿಲ್ಲ. ಗೆಳೆಯ ಮುಂದೆ ನಿಂತು ಮಾತಾಡಿದ. ಬಾಗಿಲು ಮುಚ್ಚಿದ ಮರುಕ್ಷಣವೇ ನಗಾರಿ ಕೇಳಿಸುವ ಇಂಥ ಧೈರ್ಯ ಯಾರಿಗಿದೆ ಎಂದ. ಹೇಗೆ ಸಿಕ್ಕಿಬಿದ್ದ ಎಂದು ನಿರ್ದೇಶಕ ಹೇಳುವುದಿಲ್ಲ, ಯಾಕೆಂದರೆ ಅಂಥ ರಾಜ್ಯದಲ್ಲಿ ಬಡವ ಸಿಕ್ಕಿಬೀಳಲು ಕಾರಣ ಬೇಕಿಲ್ಲ ಎಂದ. ನಾನು ಮೇಲೆ ಕಿಂಡಿಯಲ್ಲಿ ಕೇಳುತ್ತಿದ್ದೆ. ನಗು ಬಂತು. ಬಾಯಿಗೆ ಟವಲು ಒತ್ತಿಕೊಂಡು ನಕ್ಕೆ. ಬ್ಯಾಂಕಿನ ಆಫೀಸರನಾದವನು, ಇಂಗ್ಲಿಷ್ ಪುಸ್ತಕ ಓದುವವನು, ನಾನು ಗಡಿಯಾರ ನೋಡಿ ಬಿಟ್ಟದ್ದನ್ನು ಜಪಾನಿಯ ಜಾಣತನ ಎಂದು ಹೊಗಳುತ್ತಿದ್ದಾನೆ ಎಂದು ನನಗೆ ಖುಷಿಯಾಗಿತ್ತು.

ಎರಡು ವರ್ಷದ ಮೇಲೆ ಅವನು ಆ ನಿರ್ದೇಶಕನ ಮೇಲೆ ಕನ್ನಡದಲ್ಲಿ ಒಂದು ಪುಸ್ತಕ ಬರೆದ. ಒಂಬತ್ತನೆಯ ಅಧ್ಯಾಯ ಪೂರ್ತಿ ಆ ಬಾಗಿಲು ಮತ್ತು ನಗಾರಿಯ ಮೇಲೆ. ಹೆಣ್ಣನ್ನು ಕತೆಯಿಂದ ಹೊರಗಿಡುವ ರಾಜ್ಯವನ್ನು ತೋರಿಸಲು ನಿರ್ದೇಶಕ ತಾನೂ ಅವಳನ್ನು ಕತೆಯಿಂದ ಹೊರಗಿಡುತ್ತಾನೆ, ಅದೇ ಅವನ ಪ್ರತಿಭಟನೆ ಎಂದು ಬರೆದಿದ್ದ. ಓದಿದ ಎಲ್ಲರಿಗೂ ಆ ಅಧ್ಯಾಯವೇ ಇಷ್ಟವಾಯಿತು.

ಪುಸ್ತಕದ ಬಿಡುಗಡೆಗೆ ಕರ್ನಾಟಕದಿಂದ ಬಂದ ಒಬ್ಬ ಅಧ್ಯಾಪಕರು ಎದ್ದು ನಿಂತು, "ಆ ಚಿತ್ರ ನಾನು ಪುಣೆಯಲ್ಲಿ ನೋಡಿದ್ದೇನೆ. ಹೆಂಡತಿಯದೇ ಒಂದು ದೀರ್ಘ ದೃಶ್ಯ ಇದೆಯಲ್ಲ ಸಾರ್?" ಎಂದರು.

ಗೆಳೆಯ ನಕ್ಕ. "ನೀವು ಬೇರೆ ಯಾವುದೋ ಚಿತ್ರ ನೋಡಿರ್ಬೇಕು. ಓಡಿಸಿದವನೇ ಇಲ್ಲಿ ಕೂತಿದಾನೆ, ಕೇಳಿ ಬೇಕಾದ್ರೆ," ಎಂದು ಹಿಂದಿನ ಸಾಲಿನಲ್ಲಿದ್ದ ನನ್ನ ಕಡೆ ಕೈ ತೋರಿಸಿದ.

ಸಭೆ ಪೂರ್ತಿ ತಿರುಗಿ ನನ್ನನ್ನು ನೋಡಿತು. ನಾನು ಎದ್ದು ನಿಂತೆ. "ಎಲ್ಲಾ ಡಬ್ಬಿ ಓಡಿಸಿದೇನೆ ಸಾರ್. ಒಂದೂ ಬಿಟ್ಟಿಲ್ಲ," ಎಂದೆ. ಜನ ಚಪ್ಪಾಳೆ ತಟ್ಟಿದರು.

ಆ ಅಧ್ಯಾಪಕರು ಸುಮ್ಮನಿರಲಿಲ್ಲ. ಪೂರ್ತಿ ನೋಡದ ಚಿತ್ರದ ಮೇಲೆ ಅಧ್ಯಾಯ ಬರೆಯುವವರ ಬಗ್ಗೆ ಒಂದು ಮಾಸಪತ್ರಿಕೆಯಲ್ಲಿ ಲೇಖನ ಬರೆದರು. ಆಗ ವೀಡಿಯೋ ಇರಲಿಲ್ಲ, ಪ್ರಿಂಟು ಎಲ್ಲೋ ಹೊರಟುಹೋಗಿತ್ತು, ತಾಳೆ ನೋಡುವ ದಾರಿಯಿರಲಿಲ್ಲ. ಗೆಳೆಯ ಉತ್ತರ ಬರೆದ. ಅದರಲ್ಲಿ ನನ್ನನ್ನೇ ಸಾಕ್ಷಿಯಾಗಿ ನಿಲ್ಲಿಸಿದ. ಅವರು ಪುಣೆಯಲ್ಲಿ ಜೊತೆಗೆ ನೋಡಿದ ಇನ್ನೂ ಮೂವರಿಂದ ಬರೆಸಿದರು. ಆಮೇಲೆ ಗೆಳೆಯನನ್ನು ಯಾರೂ ಯಾವ ಸಭೆಗೂ ಕರೆಯಲಿಲ್ಲ. ಎರಡನೆಯ ಸಂಪುಟಕ್ಕೆಂದು ಮಾಡಿಟ್ಟಿದ್ದ ಟಿಪ್ಪಣಿಗಳನ್ನು ಹಗ್ಗ ಕಟ್ಟಿ ಅಟ್ಟಕ್ಕೆ ಹಾಕಿದ. ಬ್ಯಾಂಕಿನಿಂದ ನಿವೃತ್ತನಾಗುವವರೆಗೂ ಒಂದು ಸಾಲು ಬರೆಯಲಿಲ್ಲ. ನಾನೊಬ್ಬ ಅವನ ಪಕ್ಷದಲ್ಲಿ ನಿಂತವನೆಂದು ನನ್ನನ್ನು ಮೊದಲಿಗಿಂತ ಹತ್ತಿರ ಮಾಡಿಕೊಂಡ. ನನ್ನ ಹೆಂಡತಿ ಆಸ್ಪತ್ರೆಯಲ್ಲಿದ್ದ ಇಪ್ಪತ್ತು ದಿನವೂ ಊಟದ ಕ್ಯಾರಿಯರ್ ತಂದವನು ಅವನು.

ಈ ವರ್ಷ ಮಳೆಗಾಲದ ಒಂದು ಆದಿತ್ಯವಾರ ನಾನು ಹೋದಾಗ ಅವನು ಬಾಲ್ಕನಿಯಲ್ಲಿ ಮಗುವಿನ ಹಾಗೆ ಕುಣಿಯುತ್ತಿದ್ದ. ಅವನ ಮೊಮ್ಮಗಳು ಕಾಲೇಜಿನಲ್ಲಿ ಓದುವವಳು, ಆ ಚಿತ್ರವನ್ನು ಇಂಟರ್ನೆಟ್ಟಿನಲ್ಲಿ ಹುಡುಕಿ ತನ್ನ ಟ್ಯಾಬಿಗೆ ಇಳಿಸಿಕೊಂಡಿದ್ದಳು.

"ಪೋರೂರ್ ತಾತಾ, ಇಲ್ಲಿ ಅಮುಕ್ಕಿದ್ರೆ ನಿಲ್ಲತ್ತೆ, ಇಲ್ಲಿ ಎಳೆದ್ರೆ ಮುಂದೆ ಪೋಗುಂ. ಓಕೆವಾ?" ಎಂದು ನನಗೆ ಹೇಳಿಕೊಟ್ಟು ಅವಳು ಟ್ಯೂಷನ್‌ಗೆ ಹೊರಟಳು.

"ನೀ ಓಡ್ಸ್, ಕಾಣುದನ್ನೆಲ್ಲ ಹೇಳ್ತಾ ಹೋಗ್," ಎಂದ ಗೆಳೆಯ. "ಕೂಕೊ, ಕೂಕೊ. ಎಂತ ನಿಂತೇ ಇದ್ದೆ? ಆಪರೇಟರ್ ಬುದ್ಧಿ ಬಿಡಲ್ದಾ?"

ನಾನು ಕುಳಿತೆ. ಮೊದಲ ನಾಲ್ಕು ಡಬ್ಬಿಯಷ್ಟು ಚಿತ್ರಕ್ಕೆ ನಾನು ಹೇಳುವ ಅಗತ್ಯವೇ ಬೀಳಲಿಲ್ಲ. ಅವನಿಗೆ ಎಲ್ಲವೂ ನೆನಪಿತ್ತು. "ಈಗ ಕಾಗೆ ಕೂಗ್ತದೆ ಕಾಣ್," ಎನ್ನುವನು, ಕಾಗೆ ಕೂಗುವುದು. ಈ ಹೊಸ ಪ್ರತಿಯಲ್ಲಾದರೂ ಆ ಭಾಗ ಇರದಿರಲಿ ಎಂದು ಮನಸ್ಸಿನಲ್ಲೇ ಬೇಡಿಕೊಂಡೆ. ಬಡಗಿ ಹೊರಟ. ಹೆಂಡತಿ ಬಾಗಿಲು ಎಳೆದುಕೊಂಡ ಸದ್ದು ಕೇಳಿತು. ಗೆಳೆಯ ಎರಡೂ ಕೈ ಎತ್ತಿ ನಗಾರಿಗೆ ಕಾದ.

ಬಂದದ್ದು ಒಂದು ಮಗುವಿನ ಕೆಮ್ಮು. ಆಮೇಲೆ ಒಲೆಗೆ ಸೌದೆ ತುರುಕುವ ಸದ್ದು.

ಅವನ ಕೈ ಹಾಗೇ ಇತ್ತು. "ಎಂತ ಇದ್? ನಗಾರಿ ಎಲ್ಲಿ?"

ನಾನು ಚಿತ್ರವನ್ನು ನಿಲ್ಲಿಸಿದೆ. ಬೆರಳನ್ನು ಅರ್ಧ ಇಂಚು ಎಳೆದಿದ್ದರೆ ನಗಾರಿ ಬರುತ್ತಿತ್ತು. ಯಂತ್ರ ತಪ್ಪಿತು ಎನ್ನಬಹುದಿತ್ತು. ಅದಕ್ಕಿಂತ ಸುಲಭದ ದಾರಿಯನ್ನು ಅವನೇ ತೋರಿಸಿದ.

"ಇದು ಬೇರೆ ಕಾಪಿಯಾ? ಆಮೇಲೆ ಯಾರೋ ಸೇರ್ಸಿದ್ದಿರ್ಬೇಕು ಅಲ್ದಾ?"

ಹೌದು ಎಂದರೆ ಮುಗಿಯುತ್ತಿತ್ತು. ಮುಂದಿನ ವಾರವೂ ಎರಡು ಬಸ್ಸು ಹಿಡಿದು ಬರಬಹುದಿತ್ತು. ಆದರೆ ಅವನ ಮುಖ ನನ್ನ ಕಡೆ ತಿರುಗಿತ್ತು, ನಾನು ಏನು ಹೇಳಿದರೂ ನಂಬಲು ತಯಾರಾಗಿ. ನಲವತ್ತು ವರ್ಷ ನಂಬಿದ ಮುಖ ಅದು. ಅದರ ಮುಂದೆ ಇನ್ನೊಮ್ಮೆ ಸುಳ್ಳು ಹೇಳಲು ನನ್ನಿಂದ ಆಗಲಿಲ್ಲ.

"ಅಲ್ಲ," ಎಂದೆ. "ಇದು ಐದನೇ ಡಬ್ಬಿ. ಅವತ್ತೇ ಇತ್ತು. ನಾನೇ ಓಡ್ಸ್ಲಿಲ್ಲ."

ಅವನು ಕೈ ಇಳಿಸಿದ. "ಯಾಕೆ?"

"ತಡ ಆಗಿತ್ತ್. ಎಂಟು ಗಂಟೆಗೆ ಬೇರೆಯವ್ರು ಬಪ್ಪುದಿತ್ತ್. ಇದ್ರಲ್ಲಿ ಎಂತ ಇಲ್ಲ ಅಂತ ಕಂಡಿತ್."

"ಅದು ಡಬ್ಬಿ ಬಿಟ್ಟದ್ದಕ್ಕೆ ಆಯ್ತ್. ಸಭೇಲಿ ಎದ್ದು ನಿಂತು ಹೇಳಿದ್ಯಲ್ಲ, ಅದ್ಯಾಕೆ?"

ಇದಕ್ಕೆ ನಾನು ಎಷ್ಟೋ ಉತ್ತರ ಕಟ್ಟಿಟ್ಟಿದ್ದೆ. ಕೆಲಸ ಹೋಗುತ್ತಿತ್ತು ಎಂದು, ನಿನ್ನ ಮರ್ಯಾದೆ ಉಳಿಸಲು ಎಂದು. ಬಾಯಿಗೆ ಬಂದದ್ದು ಬೇರೆ.

"ಅಷ್ಟು ಜನ ತಿರುಗಿ ನನ್ನ ಕಂಡ್ರ್ ಮಾರಾಯ. ಅಷ್ಟರವರೆಗೆ ಯಾರೂ ತಿರುಗಿ ಕಂಡದ್ದಿಲ್ಲ. ಅಲ್ಲಿ ನಿಂತು, ನಾನು ಡಬ್ಬಿ ಹಾರ್ಸಿದೆ ಅಂತ ಹೇಳೂಕೆ ಆಯ್ಲಿಲ್ಲ."

ಕೆಳಗೆ ರಸ್ತೆಯಲ್ಲಿ ಪಾತ್ರೆ ಅಂಗಡಿಯವರು ಧ್ವನಿವರ್ಧಕದಲ್ಲಿ ಕೂಗುತ್ತಿದ್ದರು. ಬೈಯುತ್ತಾನೆ ಎಂದು ಕಾದೆ. ಬೈದಿದ್ದರೆ ಹಗುರವಾಗುತ್ತಿತ್ತು.

"ಓಡ್ಸ್," ಎಂದ. "ಒಂದೂ ಬಿಡ್ದೆ ಹೇಳ್."

ನಾನು ಓಡಿಸಿದೆ, ಕೆಳಗೆ ಬರುವ ಇಂಗ್ಲಿಷ್ ಸಾಲುಗಳನ್ನೂ ಓದಿ ಹೇಳಿದೆ. ಅವನ ಹಾಗೆ ನಾನೂ ಆ ಭಾಗವನ್ನು ಮೊದಲ ಸಲ ನೋಡುತ್ತಿದ್ದೆ. ಒಬ್ಬ ಅಧಿಕಾರಿ ಬರುತ್ತಾನೆ. ಚಪ್ಪಲಿ ಬಿಟ್ಟು ಹೊಸ್ತಿಲ ಮೇಲೆ ಕೂರುತ್ತಾನೆ. ಅವಳು ಬಿಸಿನೀರು ಕೊಡುತ್ತಾಳೆ. ಗಂಡ ಎಲ್ಲಿ ಎಂದು ಅವನು ಕೇಳುವುದಿಲ್ಲ. ಮಗುವಿಗೆ ಎಷ್ಟು ವರ್ಷ ಎನ್ನುತ್ತಾನೆ. ಮಗುವಿನ ತಲೆಯ ಮೇಲೆ ಕೈ ಇಡುತ್ತಾನೆ.

"ಕೈ ತೆಗೆದ್ನಾ?" ಎಂದ ಗೆಳೆಯ.

"ಇಲ್ಲ."

"ಅವ್ಳು?"

"ಕೈಯನ್ನೇ ಕಾಣ್ತಿದಾಳೆ."

"ಈಗ ತೆಗೆದ್ನಾ?"

"ಇಲ್ಲ. ನೀರು ಕುಡೀತಿದಾನೆ, ಒಂದೇ ಕೈಯಲ್ಲಿ."

ಕೊನೆಗೆ ಅವಳು ಒಂದೇ ಮಾತು ಹೇಳುತ್ತಾಳೆ. ಬಡಗಣ ದಾರಿ ಹಿಡಿದು ಹೋದ ಎಂದು. ಅಧಿಕಾರಿ ತಲೆಬಾಗಿ ವಂದಿಸಿ, ಚಪ್ಪಲಿ ಹಾಕಿಕೊಂಡು ಹೋಗುತ್ತಾನೆ. ಅವಳು ಆ ನೀರಿನ ಬಟ್ಟಲನ್ನು ತೊಳೆಯುತ್ತಾಳೆ. ಮತ್ತೆ ತೊಳೆಯುತ್ತಾಳೆ. ಆಮೇಲೆ ಒಲೆಯ ಮುಂದೆ ಕೂರುತ್ತಾಳೆ. ನಾನು ದೀಪಕ್ಕೆ ಹಿಡಿದು ನೋಡಿದ್ದು ಆ ಕುಳಿತದ್ದನ್ನು. ಬೆಳಗಾದ ಮೇಲೆ ಹೆಂಗಸರು ನೀರಿಗೆ ಹೋಗುತ್ತಾರೆ, ಅವಳೂ ಹೋಗುತ್ತಾಳೆ. ಯಾರೂ ಅವಳನ್ನು ಏನೂ ಕೇಳುವುದಿಲ್ಲ. ಎಲ್ಲರಿಗೂ ಗೊತ್ತಾಗಿದೆ. ಮನೆಗೆ ಬಂದು ಗಂಡನ ಉಳಿಯಿಂದ ತಲೆಗೂದಲು ಕತ್ತರಿಸಿಕೊಳ್ಳುತ್ತಾಳೆ. ಆಗ ನಗಾರಿ.

ಚಿತ್ರ ಮುಗಿಯಿತು.

"ಅಂವ ಅವ್ಳನ್ನ ಹೊರಗಿಟ್ಟಿರ್ಲಿಲ್ಲ," ಎಂದ ಆಮೇಲೆ. "ಹೊರಗಿಟ್ಟದ್ದು ನಾನು. ಅಷ್ಟು ಚೆಂದ ಮಾಡಿ ಬರ್ದು."

"ತಪ್ಪು ನಿಂದಲ್ಲ," ಎಂದೆ.

"ಅದು ನಂಗೆ ಗೊತ್ತ್." ಅವನ ಧ್ವನಿ ಏರಲಿಲ್ಲ. "ಆ ಅಧ್ಯಾಪಕರು ಹೋದ ವರ್ಷ ತೀರಿಹೋದ್ರ್. ಅವ್ರಿಗೆ ಒಂದು ಕಾಗ್ದ ಬರೀಬಹುದಿತ್ತ್ ನಾನು. ನೀನು ಒಂದು ವರ್ಷ ಮೊದ್ಲು ಹೇಳಿದ್ರೂ ಆಗ್ತಿತ್ತ್."

ಅವನ ಸೊಸೆ ಎರಡು ಲೋಟ ಕಾಫಿ ತಂದಿಟ್ಟಳು. ಅವನು ಮುಟ್ಟಲಿಲ್ಲ. ನಾನು ಕುಡಿಯಲೋ ಬೇಡವೋ ಎಂದು ತಿಳಿಯದೆ ಲೋಟ ಹಿಡಿದು ಕುಳಿತೆ.

"ಇನ್ಮೇಲೆ ಆದಿತ್ಯವಾರ ಬಪ್ಪುದ್ ಬ್ಯಾಡ," ಎಂದ. ಕೋಪವಿಲ್ಲದೆ ಹೇಳಿದ, ಔಷಧಿ ಬೇಡ ಎನ್ನುವ ಹಾಗೆ. ನಾನು ಚಪ್ಪಲಿ ಹಾಕಿಕೊಂಡು ಇಳಿದುಬಂದೆ.

ಇದಾಗಿ ಎರಡು ತಿಂಗಳು. ಆದಿತ್ಯವಾರ ಬೆಳಿಗ್ಗೆ ಅಭ್ಯಾಸದ ಮೇಲೆ ಸ್ನಾನ ಮಾಡಿ ಇಸ್ತ್ರಿ ಶರ್ಟು ಹಾಕಿಕೊಳ್ಳುತ್ತೇನೆ. "ಎಂಗೆಪ್ಪಾ ಪೋರೀಂಗ?" ಎಂದು ಮಗಳು ಕೇಳುತ್ತಾಳೆ. ಎಲ್ಲಿಗೂ ಇಲ್ಲ ಎಂದು ಕೆರೆಯ ಕಡೆ ಒಂದು ಸುತ್ತು ಹೋಗಿಬರುತ್ತೇನೆ. ಅಲ್ಲಿ ಬೆಂಚಿನ ಮೇಲೆ ನನ್ನ ವಯಸ್ಸಿನವರು ನಾಲ್ಕೈದು ಜನ ಕೂರುತ್ತಾರೆ, ಜಾಗ ಮಾಡಿಕೊಡುತ್ತಾರೆ. ಆಸ್ಪತ್ರೆಯ ಮಾತು, ಬಸ್ಸಿನ ಮಾತು, ಎಲ್ಲ ತಮಿಳಿನಲ್ಲಿ ಚೆನ್ನಾಗಿಯೇ ಆಡುತ್ತೇನೆ. ಒಂದು ದಿನ ಕಾಲು ಎಡವಿದಾಗ "ಅಯ್ಯಬ್ಬೆ" ಎಂದೆ. ಅವರಲ್ಲಿ ಒಬ್ಬರು, "ಎನ್ನಾ ಸೊನ್ನೀಂಗ?" ಎಂದರು, ಏನು ಹೇಳಿದಿರಿ ಅಂತ. ಏನಿಲ್ಲ ಎಂದೆ.

ಹೋದ ಬುಧವಾರ ಮಧ್ಯಾಹ್ನ ಅವನ ಮೊಮ್ಮಗಳ ಫೋನು ಬಂತು.

"ಪೋರೂರ್ ತಾತಾ, ನಮ್ಮ ತಾತ ಒಂದು ಡೌಟ್ ಕೇಳ್ಬೇಕಂತೆ. ಆ ಲೇಡಿ ಕಪ್ ತೊಳೀತಾಳಲ್ಲ, ಎಷ್ಟು ವಾಟಿ, ಎಷ್ಟು ಸಲ ತೊಳೀತಾಳೆ? ಎರಡಾ, ಮೂರಾ?"

ಅವಳ ಹಿಂದೆ ಕಾಗದ ಸರಿದಾಡುವ ಸದ್ದು ಕೇಳಿಸಿತು. ಅವನ ಗಂಟಲಿನ ಕೆಮ್ಮು ಕೇಳಿಸಿತು.

"ತಾತ ಎಂತ ಮಾಡ್ತಿದಾರೆ ಮಗಾ?" ಎಂದೆ.

"ಬರೀತಿದಾರೆ. ಅಂದ್ರೆ, ಹೇಳ್ತಿದಾರೆ, ನಾನು ಟೈಪ್ ಮಾಡ್ತಿದೀನಿ. ನಂಗೆ ಕನ್ನಡ ಸ್ಪೆಲ್ಲಿಂಗ್ ವರಾದು, ಒಂದೇ ಬೈಗಳು." ಅವಳು ನಕ್ಕಳು. ಆಮೇಲೆ ಧ್ವನಿ ತಗ್ಗಿಸಿ, "ನಾನೇ ನೋಡಿ ಹೇಳ್ತೀನಿ ಅಂದೆ, ನಿಮ್ಮನ್ನೇ ಕೇಳು ಅಂದ್ರು. ಫೋನ್ ಕೊಡ್ಲಾ ಅಂದೆ, ವೇಂಡಾಂ, ಬೇಡ ಅಂದ್ರು," ಎಂದಳು.

ಎರಡು ಎಂದು ನಾಲಿಗೆಯ ತುದಿಗೆ ಬಂದಿತ್ತು. ಆದರೆ ಖಚಿತವಿರಲಿಲ್ಲ.

"ನೋಡಿ ಹೇಳ್ತೇನೆ ಅಂತ ಹೇಳು," ಎಂದೆ. "ಆ ಚಿತ್ರ ನನ್ನ ಫೋನಿಗೆ ಕಳಿಸು. ಅಂದಾಜಲ್ಲಿ ಹೇಳೂದಿಲ್ಲ ಅಂತ ಹೇಳು."

ಅವಳು ಕಳಿಸಿದಳು. ನಾನು ಕೋಣೆಯ ಬಾಗಿಲು ಹಾಕಿಕೊಂಡು, ಬಾಗಿಲು ಮುಚ್ಚುವ ಸದ್ದಿನಿಂದ ನಗಾರಿಯವರೆಗೆ ಹದಿನೆಂಟು ನಿಮಿಷವನ್ನೂ ನೋಡಿದೆ. ಬಡಗಿಯ ಹೆಂಡತಿ ಬಟ್ಟಲನ್ನು ಮೂರು ಸಲ ತೊಳೆಯುತ್ತಾಳೆ. ಮೂರನೆಯ ಸಲ ಬಟ್ಟಲಲ್ಲಿ ನೀರಿರುವುದಿಲ್ಲ, ಬರಿಗೈಯಿಂದ ಉಜ್ಜುತ್ತಾಳೆ. ಅದನ್ನು ಕನ್ನಡದಲ್ಲಿ ಒಂದು ಚೀಟಿಯ ಮೇಲೆ ಬರೆದು, ಚೀಟಿಯ ಫೋಟೋ ತೆಗೆದು ಅವನ ಮೊಮ್ಮಗಳಿಗೆ ಕಳಿಸಿದೆ. ಅವಳು ನೋಡಿದ ಗುರುತಿಗೆ ನೀಲಿ ಗೆರೆ ಎರಡು ಬಿದ್ದವು. ಅವನಿಗೆ ಓದಿ ಹೇಳಿರಬೇಕು.